ಕರುಣೆಯ ಕರಾರು

ಪದವಿ ತರಗತಿಗೆ ರಸಪ್ರಕರಣವನ್ನು ಪಾಠ ಹೇಳುತ್ತ ನನಗೆ ಹಲವು ವರ್ಷಗಳಾದುವು. ಕರುಣರಸದ ಭಾಗಕ್ಕೆ ಬಂದಾಗ ಪುಸ್ತಕದ ಉದಾಹರಣೆಗಳು ಹುಡುಗರ ಕಿವಿಯ ಪಕ್ಕದಲ್ಲಿ ಹಾದುಹೋಗುತ್ತವೆಯೇ ಹೊರತು ಎದೆಗೆ ಇಳಿಯುವುದಿಲ್ಲವೆಂಬುದನ್ನು ಅನುಭವದಿಂದ ಕಂಡುಕೊಂಡಿದ್ದೇನೆ. ಆದ್ದರಿಂದ ಕಳೆದ ವರ್ಷ ಒಂದು ಶನಿವಾರ ಮಧ್ಯಾಹ್ನ, ಕೊಠಡಿಯ ಕಿಟಕಿಗಳನ್ನೆಲ್ಲ ಮುಚ್ಚಿಸಿ, ಒಂದು ಹಳೆಯ ಮೂಕಿ ಚಿತ್ರವನ್ನು ತೋರಿಸುವ ಸಾಹಸಕ್ಕೆ ಕೈಹಾಕಿದೆ. ಅಮೆರಿಕದ ಡಿ. ಡಬ್ಲ್ಯು. ಗ್ರಿಫಿತ್ 1919ರಲ್ಲಿ ತಯಾರಿಸಿದ ‘ಬ್ರೋಕನ್ ಬ್ಲಾಸಮ್ಸ್’ ಅದು. ಮುರಿದ ಹೂಗಳು ಎಂದು ಅರ್ಥ. ಮಾತಿಲ್ಲದ, ನೂರು ವರ್ಷ ದಾಟಿದ ಚಿತ್ರವನ್ನು ಈ ಕಾಲದ ಮಕ್ಕಳು ಕುಳಿತು ನೋಡಿಯಾರೆ ಎಂಬ ಅನುಮಾನ ನನಗಿತ್ತು. ಮೊದಲ ಹತ್ತು ನಿಮಿಷ ಅಲ್ಲಲ್ಲಿ ಪಿಸುಮಾತು, ಅಲ್ಲಲ್ಲಿ ನಗು. ಆಮೇಲೆ ಅವು ನಿಂತುವು. ಕೊನೆಗೆ ದೀಪ ಹಾಕಿದಾಗ ಮುಂದಿನ ಸಾಲಿನಲ್ಲಿ ಇಬ್ಬರು ಕಣ್ಣೊರಸಿಕೊಳ್ಳುತ್ತಿದ್ದರು. ಸುಳ್ಳೇಕೆ ಹೇಳಲಿ, ನನಗೆ ಹೆಮ್ಮೆಯೇ ಆಯಿತು.

ಆಗ ಹಿಂದಿನ ಬೆಂಚಿನಿಂದ ಒಬ್ಬ ಹುಡುಗಿ ಎದ್ದು ನಿಂತಳು. “ಸರ್, ಆ ಹುಡುಗಿಯನ್ನು ಅವಳ ಅಪ್ಪ ಕೊಂದ. ಅಪ್ಪನನ್ನು ಆ ಚೀನೀಯ ಕೊಂದ. ಚೀನೀಯನನ್ನು ಕೊಂದವರು ಯಾರು?”

“ಅವನು ತಾನೇ ಇರಿದುಕೊಂಡನಲ್ಲಮ್ಮ, ನೋಡಲಿಲ್ಲವೆ?” ಎಂದೆ.

“ನೋಡಿದೆ ಸರ್. ಆದರೆ ಅವನು ಸಾಯಲೇಬೇಕು ಅಂತ ಯಾರು ಹೇಳಿದ್ದು?”

ಕರುಣದ ಪರಿಪಾಕಕ್ಕೆ ಅದು ಅಗತ್ಯವೆಂದೋ, ಔಚಿತ್ಯವೆಂದೋ ಏನೋ ಹೇಳಿ ತರಗತಿಯನ್ನು ಮುಗಿಸಿದೆ. ಅವಳು ಒಪ್ಪಿದಂತೆ ತಲೆಯಾಡಿಸಿ ಕುಳಿತಳು. ಒಪ್ಪಲಿಲ್ಲವೆಂಬುದು ಮುಖದಲ್ಲಿಯೇ ಇತ್ತು. ನಿಜ ಹೇಳಬೇಕೆಂದರೆ, ಮನೆಗೆ ಬರುವ ಹೊತ್ತಿಗೆ ನಾನೂ ಒಪ್ಪಿರಲಿಲ್ಲ. ಆ ಪ್ರಶ್ನೆಯ ಬೆನ್ನುಹತ್ತಿ ಅದೇ ಕಾಲದ ಇನ್ನೂ ಕೆಲವು ಮೂಕಿ ಚಿತ್ರಗಳನ್ನು ನೋಡಿದೆ. ಎಲ್ಲವೂ ಒಂದು ಜನಾಂಗದವರು ಇನ್ನೊಂದು ಜನಾಂಗದವರನ್ನು ಬಯಸಿದ, ಪ್ರೀತಿಸಿದ ಕಥೆಗಳು. ನೋಡಿದ ಮೇಲೆ ನನಗೆ ಹೊಳೆದದ್ದನ್ನು ವಾಚಕರ ಮುಂದಿಡುವುದಷ್ಟೇ ಈ ಬರಹದ ಉದ್ದೇಶ.

ಮೊದಲು ಗ್ರಿಫಿತ್‌ನ ಚಿತ್ರ. ಚೆಂಗ್ ಹುವಾನ್ ಎಂಬ ಚೀನೀ ತರುಣ, ಬುದ್ಧನ ಶಾಂತಿಯನ್ನು ಪಶ್ಚಿಮದ ಜನಕ್ಕೆ ಬೋಧಿಸುತ್ತೇನೆಂಬ ಹುಮ್ಮಸ್ಸಿನಿಂದ ಲಂಡನ್ನಿಗೆ ಬರುತ್ತಾನೆ. ಬಂದವನು ಬೋಧಕನಾಗುವುದಿಲ್ಲ, ಲೈಮ್‌ಹೌಸ್ ಎಂಬ ಬಂದರು ಕೇರಿಯಲ್ಲಿ ಸಣ್ಣ ಅಂಗಡಿಯಿಟ್ಟು, ಅಫೀಮಿನ ಹೊಗೆಯಲ್ಲಿ ತನ್ನ ಕನಸನ್ನು ಮರೆಯುತ್ತಾನೆ. ಅದೇ ಕೇರಿಯಲ್ಲಿ ಬ್ಯಾಟ್ಲಿಂಗ್ ಬರೋಸ್ ಎಂಬ ಮುಷ್ಟಿಮಲ್ಲ ಕುಡಿದು ಬಂದು ತನ್ನ ಹದಿನೈದರ ಮಗಳು ಲೂಸಿಯನ್ನು ಚಾವಟಿಯಿಂದ ಹೊಡೆಯುತ್ತಾನೆ. ಒಂದು ದಿನ ಪೆಟ್ಟು ತಿಂದ ಹುಡುಗಿ ತಡವರಿಸುತ್ತ ಬಂದು ಚೀನೀಯನ ಅಂಗಡಿಯಲ್ಲಿ ಬೀಳುತ್ತಾಳೆ. ಅವನು ಅವಳ ಗಾಯ ತೊಳೆದು, ರೇಷ್ಮೆಯ ಉಡುಗೆ ಕೊಟ್ಟು, ಕೈಗೊಂದು ಗೊಂಬೆಯಿತ್ತು ದೇವತೆಯಂತೆ ನೋಡಿಕೊಳ್ಳುತ್ತಾನೆ. ಸುದ್ದಿ ತಂದೆಗೆ ಮುಟ್ಟುತ್ತದೆ. ಮಗಳನ್ನು ಹೊಡೆಯುವುದರಲ್ಲಿ ಅವನಿಗೆ ಮಾನ ಹೋಗಿರಲಿಲ್ಲ. ಅನ್ಯದೇಶದವನೊಬ್ಬ ಅವಳನ್ನು ಉಪಚರಿಸಿದಾಗ ಹೋಗುತ್ತದೆ. ಅವಳನ್ನು ಎಳೆತಂದು ಹೊಡೆದು ಕೊಲ್ಲುತ್ತಾನೆ. ಚೆಂಗ್ ಹುವಾನ್ ಬಂದು ಅವನನ್ನು ಗುಂಡಿಟ್ಟು ಕೊಂದು, ಲೂಸಿಯ ದೇಹವನ್ನು ತನ್ನ ಕೋಣೆಗೆ ಹೊತ್ತು ತಂದು, ಬುದ್ಧನ ಮುಂದೆ ತನ್ನನ್ನು ತಾನು ಇರಿದುಕೊಳ್ಳುತ್ತಾನೆ.

ಕಥೆಯನ್ನು ಹೀಗೆ ಹೇಳಿದರೆ ಕಣ್ಣೀರಿನ ನಾಟಕವೆನಿಸಬಹುದು. ತೆರೆಯ ಮೇಲೆ ಅದು ಹಾಗಿಲ್ಲ. ಲೂಸಿಯಾಗಿ ನಟಿಸಿರುವ ಲಿಲಿಯನ್ ಗಿಶ್‌ಳ ಅಭಿನಯವನ್ನು ನೋಡಿದವರು ಮರೆಯಲಾರರು. ನಗು ಎಂದರೇನೆಂದೇ ತಿಳಿಯದ ಆ ಹುಡುಗಿ, ತಂದೆ ನಗು ಎಂದಾಗ ಎರಡು ಬೆರಳುಗಳಿಂದ ತುಟಿಯ ಕೊನೆಗಳನ್ನು ಮೇಲಕ್ಕೆ ತಳ್ಳಿ ನಗುವೊಂದನ್ನು ತಯಾರಿಸುತ್ತಾಳೆ. ಸಾಯುವ ಗಳಿಗೆಯಲ್ಲಿಯೂ ಅದನ್ನೇ ಮಾಡುತ್ತಾಳೆ. ಬಾಗಿಲು ಒಡೆಯುವ ಸದ್ದಿಗೆ ಕಿರುಕೋಣೆಯೊಳಗೆ ಬಲೆಗೆ ಬಿದ್ದ ಪ್ರಾಣಿಯಂತೆ ಸುತ್ತಿ ಸುತ್ತಿ ತಿರುಗುವ ದೃಶ್ಯದಲ್ಲಿ ಸದ್ದೇ ಇಲ್ಲ; ಆದರೂ ನಮ್ಮ ತರಗತಿಯಲ್ಲಿ ಆ ಕೂಗನ್ನು ಕೇಳದವರು ಇರಲಿಲ್ಲವೆಂದು ನನ್ನ ನಂಬಿಕೆ. ಗ್ರಿಫಿತ್‌ನ ವ್ಯಂಗ್ಯವೂ ಮೊನಚಾಗಿಯೇ ಇದೆ. ಒಬ್ಬ ಪಾದ್ರಿ ಚೆಂಗ್ ಹುವಾನ್‌ನ ಕೈಗೆ ನರಕದ ವಿಷಯದ ಪುಸ್ತಕವನ್ನಿತ್ತು, ತನ್ನ ತಮ್ಮ ಚೀನೀಯರನ್ನು ಉದ್ಧರಿಸಲು ನಾಳೆ ಹೊರಟಿದ್ದಾನೆಂದು ತಿಳಿಸುತ್ತಾನೆ. ಉದ್ಧಾರ ಬೇಕಾಗಿರುವುದು ಯಾವ ಕೇರಿಗೆ ಎಂಬುದನ್ನು ನೋಡುವವರೇ ತಿಳಿದುಕೊಳ್ಳಬೇಕು.

ನಾಲ್ಕು ವರ್ಷ ಹಿಂದೆ, 1915ರಲ್ಲಿ, ಇದೇ ಗ್ರಿಫಿತ್ ‘ದಿ ಬರ್ತ್ ಆಫ್ ಎ ನೇಷನ್’ ಎಂಬ ಚಿತ್ರದಲ್ಲಿ ಕರಿಯರನ್ನು ಬಿಳಿ ಹೆಣ್ಣಿನ ಬೆನ್ನಟ್ಟುವ ಮೃಗಗಳಂತೆ ಚಿತ್ರಿಸಿ, ಅವರನ್ನು ಕೊಲ್ಲುವ ಮುಸುಕುಧಾರಿ ಕ್ಲಾನ್ ಪಡೆಯನ್ನು ವೀರರೆಂದು ಮೆರೆಸಿದ್ದನು. ಅಂಥವನು ಬಿಳಿಯ ತಂದೆಯನ್ನು ರಾಕ್ಷಸನನ್ನಾಗಿಯೂ ಹಳದಿ ಬಣ್ಣದವನನ್ನು ಸಂತನನ್ನಾಗಿಯೂ ಮಾಡಿದನೆಂದರೆ ಅದು ಸಣ್ಣ ಬದಲಾವಣೆಯಲ್ಲ. ಚಿತ್ರಕ್ಕೆ ಆಧಾರವಾದ ಥಾಮಸ್ ಬರ್ಕ್‌ನ ಕಥೆ ಚೀನೀಯರನ್ನು ಹಳಿಯುವ ಪದವೊಂದನ್ನು ಶೀರ್ಷಿಕೆಯಲ್ಲಿಯೇ ಹೊತ್ತಿತ್ತು. ಗ್ರಿಫಿತ್ ಅದನ್ನು ಬಿಟ್ಟು ಹೂವಿನ ಹೆಸರನ್ನಿಟ್ಟನು. ಇಷ್ಟನ್ನು ಒಪ್ಪಿಕೊಂಡು ಮುಂದುವರಿಯಬೇಕು.

ಮುಂದುವರಿದರೆ ಕಾಣುವುದೇನು? ಚೆಂಗ್ ಹುವಾನ್‌ನ ಪಾತ್ರಧಾರಿ ಚೀನೀಯನಲ್ಲ. ರಿಚರ್ಡ್ ಬಾರ್ತಲ್‌ಮೆಸ್ ಎಂಬ ಬಿಳಿಯ ನಟ. ಅರೆಮುಚ್ಚಿದ ಕಣ್ಣು, ಬಾಗಿದ ಬೆನ್ನು, ನಿಧಾನದ ನಡಿಗೆ, ಇವುಗಳಿಂದ ಅವನು ಚೀನೀಯನಾಗುತ್ತಾನೆ. ಅವನು ಬಿಳಿಯನೆಂದು ಎಲ್ಲ ಪ್ರೇಕ್ಷಕರಿಗೂ ಗೊತ್ತು. ಹಾಗಿದ್ದೂ ಅವನು ಲೂಸಿಯನ್ನು ಚುಂಬಿಸುವಂತಿಲ್ಲ. ಒಮ್ಮೆ ಅವಳ ಮುಖದ ಬಳಿಗೆ ಬಾಗುತ್ತಾನೆ. ಅವಳ ಕಣ್ಣಿನಲ್ಲಿ ಅಂಜಿಕೆ ಕಂಡು ಹಿಂದೆ ಸರಿದು, ತೋಳಿನ ರೇಷ್ಮೆಯನ್ನು ಮಾತ್ರ ತುಟಿಗೆ ಒತ್ತಿಕೊಳ್ಳುತ್ತಾನೆ. ಅವನ ಪ್ರೇಮ ಪವಿತ್ರವಾಗಿಯೇ ಉಳಿಯಿತೆಂದು ನಡುವೆ ಬರುವ ಬರಹದ ಫಲಕ ನಮಗೆ ಭರವಸೆ ಕೊಡುತ್ತದೆ. ಹುಡುಗಿ ಇನ್ನೂ ಮಗು. ಆದ್ದರಿಂದ ಆ ಸಂಯಮ ತೀರ ಉಚಿತವೇ. ಆದರೆ ನಾಯಕಿಯನ್ನು ಮಗುವಾಗಿ ಆರಿಸಿಕೊಂಡುದರಲ್ಲಿಯೇ ಒಂದು ಉಪಾಯವಿದೆಯೆಂದು ನನಗೆ ತೋರುತ್ತದೆ. ಸರಿಸಮಾನ ವಯಸ್ಸಿನ ಬಿಳಿಯ ಯುವತಿಯೊಬ್ಬಳು ಕಣ್ತೆರೆದು ಚೀನೀಯನನ್ನು ಮೆಚ್ಚಿ ಬಂದಿದ್ದರೆ ಏನಾಗುತ್ತಿತ್ತು? ಆ ಪ್ರಶ್ನೆ ಏಳದಂತೆಯೇ ಕಥೆ ಏರ್ಪಟ್ಟಿದೆ.

ಏಕೆಂದರೆ ಅಂಥ ಯುವತಿಗೆ ಆಗ ಕಾನೂನು ಉತ್ತರ ಕೊಡುತ್ತಿತ್ತು. ಕಥೆ ನಡೆಯುವ ಲಂಡನ್ನಿನಲ್ಲಿ ಅಂಥ ಮದುವೆಗೆ ಕಾಯಿದೆಯ ಅಡ್ಡಿಯಿರಲಿಲ್ಲ. ಚಿತ್ರ ತಯಾರಾದ ಕ್ಯಾಲಿಫೋರ್ನಿಯದಲ್ಲಿ ಇತ್ತು. ಬಿಳಿಯರಿಗೂ ‘ಮಂಗೋಲಿಯನ್’ ಜನರಿಗೂ ಮದುವೆಯ ಪರವಾನಗಿ ಕೊಡಕೂಡದೆಂದು 1880ರಲ್ಲಿಯೇ ಅಲ್ಲಿ ವಿಧಿಸಿದ್ದರು. ಅಂಥ ಮದುವೆ ಮದುವೆಯೇ ಅಲ್ಲವೆಂದು 1905ರಲ್ಲಿ ಸೇರಿಸಿದರು. ಇದನ್ನು ಆ ರಾಜ್ಯದ ಸರ್ವೋಚ್ಚ ನ್ಯಾಯಾಲಯ ಹೊಡೆದುಹಾಕಿದ್ದು 1948ರಲ್ಲಿ. ಅಮೆರಿಕ ದೇಶಕ್ಕೆಲ್ಲ ಅನ್ವಯಿಸುವಂತೆ ಇಂಥ ಕಾಯಿದೆಗಳು ರದ್ದಾದುದು 1967ರಲ್ಲಿ. ಅಷ್ಟೇ ಅಲ್ಲ, ಪೌರತ್ವ ಪಡೆಯಲು ಅರ್ಹನಲ್ಲದ ಪರದೇಶೀಯನನ್ನು ಮದುವೆಯಾದ ಅಮೆರಿಕದ ಹೆಣ್ಣು ತನ್ನ ಪೌರತ್ವವನ್ನೇ ಕಳೆದುಕೊಳ್ಳುವ ನಿಯಮ 1931ರವರೆಗೆ ಇತ್ತು. ಚೀನೀಯರೂ ಜಪಾನೀಯರೂ ಆ ‘ಅರ್ಹರಲ್ಲದ’ ಪಟ್ಟಿಯಲ್ಲಿದ್ದರು. ಈಗ ನನ್ನ ವಿದ್ಯಾರ್ಥಿನಿಯ ಪ್ರಶ್ನೆಯನ್ನು ಮತ್ತೆ ನೆನೆಯಿರಿ. ಚೆಂಗ್ ಹುವಾನ್ ಬದುಕಿ ಉಳಿದಿದ್ದರೆ, ಲೂಸಿ ಬದುಕಿ ದೊಡ್ಡವಳಾಗಿದ್ದರೆ, ಪ್ರೇಕ್ಷಕನು ಒಂದು ನಿರ್ಧಾರ ಮಾಡಬೇಕಾಗುತ್ತಿತ್ತು. ಇಬ್ಬರೂ ಸತ್ತುದರಿಂದ ಅವನಿಗೆ ಅಳುವ ಕೆಲಸವೊಂದೇ ಉಳಿಯಿತು.

ನಿಜವಾದ ಏಷ್ಯದ ನಟನಿಗೆ ಆಗ ತೆರೆಯಲ್ಲಿ ಸ್ಥಳವೇ ಇರಲಿಲ್ಲವೆ ಎಂದು ವಾಚಕರು ಕೇಳಬಹುದು. ಇತ್ತು, ಒಬ್ಬನಿಗೆ ದೊಡ್ಡ ಸ್ಥಳವೇ ಇತ್ತು. ಜಪಾನಿನಿಂದ ಹೋದ ಸೆಸ್ಯೂ ಹಯಕಾವ ಆತ. 1915ರ ಕೊನೆಯಲ್ಲಿ ಬಂದ ಸೆಸಿಲ್ ಬಿ. ಡಿಮಿಲ್‌ನ ‘ದಿ ಚೀಟ್’ ಆತನನ್ನು ಹೆಸರುವಾಸಿ ಮಾಡಿತು. ಎಡಿತ್ ಎಂಬ ಶ್ರೀಮಂತ ಸಮಾಜದ ಹೆಂಗಸು ರೆಡ್ ಕ್ರಾಸ್ ನಿಧಿಯ ಹತ್ತು ಸಾವಿರ ಡಾಲರನ್ನು ಸಟ್ಟಾ ವ್ಯವಹಾರದಲ್ಲಿ ಕಳೆದು, ಟೋರಿ ಎಂಬ ಜಪಾನೀ ದಂತದ ವ್ಯಾಪಾರಿಯಿಂದ ಸಾಲ ಪಡೆಯುತ್ತಾಳೆ. ಪ್ರತಿಯಾಗಿ ಅವನು ಬಯಸುವುದು ಅವಳನ್ನು. ಹಣ ಮರಳಿಸಲು ಬಂದಾಗ, ತನ್ನ ವಸ್ತುಗಳಿಗೆಲ್ಲ ಒತ್ತುವ ಮುದ್ರೆಯನ್ನೇ ಕಾಯಿಸಿ ಅವಳ ಭುಜದ ಮೇಲೆ ಒತ್ತುತ್ತಾನೆ. ಅವಳು ಅವನ ಮೇಲೆ ಗುಂಡು ಹಾರಿಸುತ್ತಾಳೆ. ಗಂಡ ತಪ್ಪನ್ನು ತನ್ನ ಮೇಲೆ ಹಾಕಿಕೊಳ್ಳುತ್ತಾನೆ. ಕೊನೆಗೆ ನ್ಯಾಯಾಲಯದಲ್ಲಿ ಅವಳು ಭುಜದ ಬರೆಯನ್ನು ತೋರಿದಾಗ ಜನ ಟೋರಿಯ ಮೇಲೆ ಮುಗಿಬೀಳುತ್ತಾರೆ.

ಖಳನ ಪಾತ್ರ, ಹೀನ ಚಿತ್ರಣ. ಅಮೆರಿಕದಲ್ಲಿದ್ದ ಜಪಾನೀಯರು ಪ್ರತಿಭಟಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಆದರೆ ತೆರೆಯ ಮೇಲೆ ನಡೆದದ್ದೇ ಬೇರೆ. ಉಳಿದ ನಟರು ರಂಗಭೂಮಿಯ ಅಭ್ಯಾಸದಿಂದ ಕೈ ಬೀಸಿ ಎದೆ ಬಡಿದುಕೊಳ್ಳುತ್ತಿದ್ದಾಗ ಹಯಕಾವ ಸುಮ್ಮನೆ ನಿಂತನು. ಅಲುಗದ ಮುಖದಲ್ಲಿ ಒಂದು ಕಣ್ಣೋಟ ಬದಲಾದರೆ ಸಾಕು, ಇಡೀ ದೃಶ್ಯ ಬದಲಾಗುತ್ತಿತ್ತು. ಫ್ರೆಂಚ್ ಲೇಖಕಿ ಕೊಲೆತ್ ಆ ಅಭಿನಯವನ್ನು ಮೆಚ್ಚಿ ಬರೆದಳು. ದ್ವೇಷಿಸಬೇಕೆಂದು ತೋರಿಸಿದ ಮುಖವನ್ನೇ ಬಿಳಿಯ ಹೆಂಗಸರು ಮೆಚ್ಚಿ ನೋಡಿದರು, ಹಯಕಾವ ತಾರೆಯಾದನು. ಕಾಯಿದೆ ಮದುವೆಯನ್ನು ತಡೆಯಬಲ್ಲುದು, ನೋಟವನ್ನು ತಡೆಯಲಾರದು.

ಈ ಚಿತ್ರದ ಮುಂದಿನ ಚರಿತ್ರೆ ಇನ್ನೂ ವಿಚಿತ್ರವಾಗಿದೆ. ಮೊದಲ ಮಹಾಯುದ್ಧದಲ್ಲಿ ಜಪಾನು ಅಮೆರಿಕದ ಮಿತ್ರಪಕ್ಷದಲ್ಲಿತ್ತು. 1918ರಲ್ಲಿ ಚಿತ್ರವನ್ನು ಮತ್ತೆ ಬಿಡುಗಡೆ ಮಾಡುವಾಗ ಬರಹದ ಫಲಕಗಳನ್ನು ಬದಲಿಸಿ ಜಪಾನೀ ಟೋರಿಯನ್ನು ಬರ್ಮದ ವ್ಯಾಪಾರಿಯನ್ನಾಗಿ ಮಾಡಿದರು. ನಟ ಅವನೇ, ಮನೆ ಅದೇ, ಮುದ್ರೆ ಅದೇ. ಹೆಸರೂ ಊರೂ ಮಾತ್ರ ಬೇರೆ. 1923ರಲ್ಲಿ ಕಥೆಯನ್ನು ಮತ್ತೊಮ್ಮೆ ಚಿತ್ರಿಸಿದಾಗ ಆ ಪಾತ್ರ ಭಾರತದ ರಾಜಕುಮಾರನ ವೇಷ ಹಾಕಿದ ಬಿಳಿಯ ವಂಚಕನಾಯಿತು. ನಮ್ಮ ಪೇಟವೂ ಆ ಗೂಟಕ್ಕೆ ಒಮ್ಮೆ ತೂಗಿಬಿದ್ದಿತ್ತೆಂಬುದನ್ನು ತಿಳಿದಾಗ ನನಗೆ ನಗುವೂ ಬಂತು, ನೋವೂ ಆಯಿತು. ಜಪಾನ್, ಬರ್ಮ, ಭಾರತ, ಯಾವುದಾದರೂ ಆದೀತು. ಬೇಕಾದದ್ದು ಅವನು ‘ನಮ್ಮವನಲ್ಲ’ ಎಂಬ ಒಂದು ಗುರುತು.

ಹೀಗೆ ಪರಕೀಯನು ಖಳನಾದರೆ ಶಿಕ್ಷೆ, ಸಂತನಾದರೆ ಆತ್ಮಹತ್ಯೆ. ಇವೆರಡನ್ನೂ ಬಿಟ್ಟು ಮೂರನೆಯ ದಾರಿಯೊಂದನ್ನು 1921ರ ‘ದಿ ಶೇಖ್’ ತೋರಿಸಿತು. ರುಡಾಲ್ಫ್ ವ್ಯಾಲೆಂಟಿನೋನನ್ನು ಜಗತ್ತಿನ ಪ್ರಣಯನಾಯಕನನ್ನಾಗಿ ಮಾಡಿದ ಚಿತ್ರ ಅದು. ಮರುಭೂಮಿಯ ಅರಬ ನಾಯಕ ಅಹ್ಮದ್ ಇಂಗ್ಲಿಷ್ ಕುಲೀನೆಯೊಬ್ಬಳನ್ನು ಅಪಹರಿಸುತ್ತಾನೆ. ಕ್ರಮೇಣ ಅವಳು ಅವನನ್ನು ಪ್ರೀತಿಸುತ್ತಾಳೆ. ಅಪಹರಣವನ್ನು ಪ್ರಣಯವೆಂದು ನಂಬಿಸುವ ಈ ಕಥೆಯ ಬಗ್ಗೆ ನನಗೆ ಗೌರವವಿಲ್ಲ. ನನ್ನ ಕುತೂಹಲ ಅದರ ಕೊನೆಯಲ್ಲಿದೆ. ಅಹ್ಮದ್ ಗಾಯಗೊಂಡು ಮಲಗಿರುವಾಗ ಅವನ ಕೈ ಅರಬನ ಕೈಗಿಂತ ದೊಡ್ಡದಾಗಿದೆಯೆಂದು ಅವಳು ಅನ್ನುತ್ತಾಳೆ. ಅವನು ಅರಬನೇ ಅಲ್ಲ, ತಂದೆ ಇಂಗ್ಲಿಷಿನವನು, ತಾಯಿ ಸ್ಪೇನಿನವಳು, ಹಸುಳೆಯಾಗಿದ್ದಾಗ ಮರುಭೂಮಿಯಲ್ಲಿ ಅನಾಥನಾದವನು ಎಂದು ಗೆಳೆಯ ಗುಟ್ಟು ಬಿಚ್ಚುತ್ತಾನೆ. ಅಲ್ಲಿಗೆ ಎಲ್ಲ ಸರಿಹೋಯಿತು! ಅವನು ಸಾಯಬೇಕಾಗಿಲ್ಲ, ಬದುಕುತ್ತಾನೆ.

ಈ ಯುಕ್ತಿ ನಮಗೆ ಅಪರಿಚಿತವೆಂದು ಹೇಳಿಕೊಳ್ಳುವಂತಿಲ್ಲ. ಕಾಳಿದಾಸನ ದುಷ್ಯಂತನೂ ಆಶ್ರಮಕನ್ಯೆಯನ್ನು ಕಂಡು ಮನಸೋತ ಮೇಲೆ, ಅವಳು ಕಣ್ವನ ಸಾಕುಮಗಳು, ಹುಟ್ಟಿನಿಂದ ವಿಶ್ವಾಮಿತ್ರನ ಮಗಳೆಂದು ತಿಳಿದಾಗಲೇ ನಿಶ್ಚಿಂತನಾದದ್ದು. ಹೃದಯ ಮೊದಲು ಗಡಿ ದಾಟುತ್ತದೆ. ಆಮೇಲೆ ಕಥೆ ಓಡಿಬಂದು, ಗಡಿಯೇ ಇರಲಿಲ್ಲವೆಂದು ಜಾತಕ ತೋರಿಸಿ ಸಮಾಧಾನ ಹೇಳುತ್ತದೆ. ಪ್ರೇಮ ಗೆದ್ದಂತೆ ಕಾಣುತ್ತದೆ. ಗೆದ್ದದ್ದು ಜಾತಕ.

ನಾನು ನೋಡಿದ ಚಿತ್ರಗಳಲ್ಲಿ ಮನಸ್ಸಿಗೆ ಅತ್ಯಂತ ಹತ್ತಿರವಾದದ್ದು 1922ರ ‘ದಿ ಟೋಲ್ ಆಫ್ ದಿ ಸೀ’, ಸಮುದ್ರ ತೆಗೆದುಕೊಳ್ಳುವ ಸುಂಕ. ಟೆಕ್ನಿಕಲರ್ ಕಂಪನಿಯ ಎರಡು ಬಣ್ಣದ ವಿಧಾನದಲ್ಲಿ ತೆಗೆದ ಚಿತ್ರ. ಕೆಂಪು, ಹಸಿರುಗಳ ಛಾಯೆಯಲ್ಲಿ ತೋಟ, ರೇಷ್ಮೆ, ಅಲೆ ಎಲ್ಲವೂ ಹಳೆಯ ವರ್ಣಚಿತ್ರದಂತೆ ತೋರುತ್ತವೆ. ಕಥೆ ಪುಚೀನಿಯ ಗೀತನಾಟಕದಿಂದ ಲೋಕಪ್ರಸಿದ್ಧವಾದ ‘ಮ್ಯಾಡಮ್ ಬಟರ್‌ಫ್ಲೈ’ಯದೇ, ಜಪಾನಿನ ಬದಲು ಚೀನ. 1915ರಲ್ಲಿ ಆ ಕಥೆಯನ್ನು ಚಿತ್ರಿಸಿದಾಗ ಜಪಾನೀ ನಾಯಕಿಯಾಗಿ ಬಿಳಿಯ ತಾರೆ ಮೇರಿ ಪಿಕ್‌ಫರ್ಡ್ ನಟಿಸಿದ್ದಳು. ಈ ಬಾರಿ ಚೀನೀ ಹೆಣ್ಣಿನ ಪಾತ್ರವನ್ನು ಚೀನೀ ಹೆಣ್ಣೇ ವಹಿಸಿದಳು. ಲಾಸ್ ಏಂಜಲಿಸ್‌ನಲ್ಲಿ ಬಟ್ಟೆ ಒಗೆದು ಇಸ್ತ್ರಿ ಮಾಡಿಕೊಡುವ ಅಂಗಡಿಯವರ ಮಗಳು ಆ್ಯನಾ ಮೇ ವಾಂಗ್. ಆಗ ಆಕೆಗೆ ಹದಿನೇಳು ವರ್ಷ.

ಲೋಟಸ್ ಫ್ಲವರ್ ಎಂಬಾಕೆ ಸಮುದ್ರದಲ್ಲಿ ತೇಲಿಬಂದ ಅಮೆರಿಕನ್ನನನ್ನು ಕಾಪಾಡುತ್ತಾಳೆ. ಚೀನೀ ಪದ್ಧತಿಯಂತೆ ಮದುವೆಯಾಗುತ್ತದೆ. ಜೊತೆಯಲ್ಲಿ ಕರೆದೊಯ್ಯುತ್ತೇನೆಂದವನು ಸ್ನೇಹಿತರ ಮಾತು ಕೇಳಿ ಒಬ್ಬನೇ ಹೊರಟುಹೋಗುತ್ತಾನೆ. ಅವಳಿಗೆ ಮಗ ಹುಟ್ಟುತ್ತಾನೆ. ಗಂಡನ ಪತ್ರ ಬಂದಿದೆಯೆಂದು ಅಕ್ಕಪಕ್ಕದವರ ಮುಂದೆ ನಟಿಸುತ್ತ ದಿನ ಕಳೆಯುತ್ತಾಳೆ. ಅವನು ಮರಳುವುದು ಬಿಳಿಯ ಹೆಂಡತಿಯೊಡನೆ. ಆಗ ಲೋಟಸ್ ಫ್ಲವರ್ ತನ್ನ ಮಗುವಿಗೆ, ಈ ಅಮೆರಿಕದ ಹೆಂಗಸೇ ನಿನ್ನ ನಿಜವಾದ ತಾಯಿ, ನಾನು ನಿನ್ನನ್ನು ಆಡಿಸಿದ ದಾದಿಯಷ್ಟೇ ಎಂದು ಹೇಳಿ, ಅವನನ್ನು ಕೊಟ್ಟುಬಿಡುತ್ತಾಳೆ. ಅನಂತರ ಸಮುದ್ರಕ್ಕೆ ತನ್ನನ್ನು ಒಪ್ಪಿಸಿಕೊಳ್ಳುತ್ತಾಳೆ.

ಹದಿನೇಳರ ಹುಡುಗಿಯ ಆ ಮುಖವನ್ನು ಮತ್ತೆ ಮತ್ತೆ ನೋಡಿದ್ದೇನೆ. ಕಣ್ಣೀರು ನಟನೆಯಂತೆ ತೋರುವುದಿಲ್ಲ. ತಡೆದುಕೊಂಡದ್ದು ತಡೆಯಲಾರದೆ ಬಂದದ್ದಾಗಿ ತೋರುತ್ತದೆ. ಪಾತ್ರವನ್ನು ಅಸಹಾಯೆಯಾಗಿ ಬರೆದಿದ್ದಾರೆ, ನಟಿ ಅವಳನ್ನು ಅಭಿಮಾನವುಳ್ಳವಳನ್ನಾಗಿ ಮಾಡಿದ್ದಾಳೆ. ಈ ಚಿತ್ರದ ಕೊನೆಯ ಭಾಗ ಕಾಲಾಂತರದಲ್ಲಿ ನಷ್ಟವಾಗಿಹೋಯಿತು. 1985ರಲ್ಲಿ ಲಾಸ್ ಏಂಜಲಿಸ್‌ನ ವಿಶ್ವವಿದ್ಯಾಲಯದ ಚಿತ್ರಭಂಡಾರದವರು ಅದನ್ನು ಜೀರ್ಣೋದ್ಧಾರ ಮಾಡಿದಾಗ, ಹಳೆಯ ಎರಡು ಬಣ್ಣದ ಕ್ಯಾಮರಾದಿಂದಲೇ ಪೆಸಿಫಿಕ್ ಸಾಗರವನ್ನು ಚಿತ್ರಿಸಿ ಅಲ್ಲಿ ಜೋಡಿಸಿದರು. ಆದ್ದರಿಂದ ಇಂದು ನಮಗೆ ಕಾಣುವುದು ಅವಳ ಸಾವಲ್ಲ, ಬರಿಯ ನೀರು. ನೋಡುತ್ತಿದ್ದಾಗ ನನ್ನ ಮನಸ್ಸು ಮಗುವಿನಂತೆ, ಬಹುಶಃ ಅವಳು ಸಾಯಲಿಲ್ಲವೇನೋ ಎಂದುಕೊಂಡಿತು. ಹಾಗೆ ಅಂದುಕೊಂಡ ಗಳಿಗೆಯಲ್ಲಿಯೇ ನನಗೆ ಪಾಠದ ಪುಸ್ತಕ ನೆನಪಾಯಿತು.

ಭರತಮುನಿ ಕರುಣಕ್ಕೂ ವಿಪ್ರಲಂಭ ಶೃಂಗಾರಕ್ಕೂ ಇರುವ ಭೇದವನ್ನು ಒಂದೇ ಮಾತಿನಲ್ಲಿ ಹೇಳುತ್ತಾನೆ. ವಿಪ್ರಲಂಭ ಸಾಪೇಕ್ಷ, ಕರುಣ ನಿರಪೇಕ್ಷ. ಎಂದರೆ, ಅಗಲಿದವರು ಮತ್ತೆ ಕೂಡಿಯಾರೆಂಬ ಆಸೆ ಉಳಿದಿದ್ದರೆ ಅದು ವಿರಹ. ಅದು ಶೃಂಗಾರದ್ದೇ ಒಂದು ಕವಲು. ಆಸೆ ಪೂರ್ತಿ ಅಳಿದರೆ ಅದು ಕರುಣ. ನೋವು ಎರಡರಲ್ಲಿಯೂ ಉಂಟು. ಬೇರೆಯಾಗುವುದು ಆಸೆಯೊಂದರಲ್ಲಿ.

ಈ ಅಳತೆಗೋಲನ್ನು ಹಿಡಿದರೆ ನಮ್ಮ ಮೂಕಿ ಚಿತ್ರಗಳ ಒಳಗುಟ್ಟು ತಿಳಿಯುತ್ತದೆ. ‘ಬ್ರೋಕನ್ ಬ್ಲಾಸಮ್ಸ್’ ಬಂದ 1919ರಲ್ಲಿಯೇ ಇನ್ನೊಂದು ಚಿತ್ರ ಬಂತು, ‘ದಿ ಡ್ರ್ಯಾಗನ್ ಪೇಂಟರ್’. ಖಳನ ಪಾತ್ರಗಳಿಂದ ಬೇಸತ್ತ ಹಯಕಾವ ಹಿಂದಿನ ವರ್ಷ ತಾನೇ ಸ್ಥಾಪಿಸಿಕೊಂಡ ಕಂಪನಿಯ ಚಿತ್ರ ಅದು. ನಾಯಕ ಕಾಡಿನಲ್ಲಿ ಅಲೆಯುವ ಹುಚ್ಚು ಚಿತ್ರಕಾರ. ನಾಯಕಿಯಾಗಿ ನಟಿಸಿದವಳು ಹಯಕಾವನ ಪತ್ನಿ ತ್ಸುರು ಅವೋಕಿ. ಪ್ರೇಮ ಸಿಕ್ಕಿದ ಮೇಲೆ ಚಿತ್ರಕಾರನ ಕಲೆ ಬತ್ತಿಹೋಗುತ್ತದೆ. ಅದನ್ನು ಮರಳಿ ತರಲೆಂದು ಹೆಂಡತಿ ಸತ್ತವಳಂತೆ ಕಣ್ಮರೆಯಾಗುತ್ತಾಳೆ; ವಿರಹದಲ್ಲಿ ಅವನ ಕುಂಚಕ್ಕೆ ಜೀವ ಬರುತ್ತದೆ; ಅವಳು ತಿರುಗಿ ಬರುತ್ತಾಳೆ. ಅಪ್ಪಟ ವಿಪ್ರಲಂಭ! ಸತ್ತಳೆಂದುಕೊಂಡವಳು ಬಂದಳು, ಏಕೆಂದರೆ ಇಲ್ಲಿ ಗಂಡೂ ಹೆಣ್ಣೂ ಒಂದೇ ಜನಾಂಗದವರು. ಲೋಟಸ್ ಫ್ಲವರ್ ಬರುವಂತಿಲ್ಲ, ಲೂಸಿ ಬರುವಂತಿಲ್ಲ, ಚೆಂಗ್ ಹುವಾನ್ ಉಳಿಯುವಂತಿಲ್ಲ. ಒಳಗಿನವರಿಗೆ ವಿರಹ, ಗಡಿ ದಾಟಿದವರಿಗೆ ಶೋಕ. ಯಾರಿಗೆ ಯಾವ ರಸ ಸಲ್ಲಬೇಕೆಂಬುದನ್ನು ಇಲ್ಲಿ ನಿರ್ಧರಿಸಿದ್ದು ಕವಿಯ ಪ್ರತಿಭೆಯಲ್ಲ, ಮದುವೆಯ ಕಾಯಿದೆ.

ಇದನ್ನೇ ನಾನು ಕರುಣೆಯ ಕರಾರು ಎನ್ನುತ್ತೇನೆ. ನೀನು ಒಳ್ಳೆಯವನೆಂದು ಒಪ್ಪುತ್ತೇವೆ, ನಿನ್ನ ಪ್ರೇಮ ದೊಡ್ಡದೆಂದು ಒಪ್ಪುತ್ತೇವೆ, ನಿನಗಾಗಿ ಕಣ್ಣೀರನ್ನೂ ಸುರಿಸುತ್ತೇವೆ. ನೀನು ಮಾತ್ರ ಕೊನೆಯ ರೀಲಿನ ಹೊತ್ತಿಗೆ ಇಲ್ಲವಾಗಬೇಕು. ಇದ್ದರೆ ನಮ್ಮ ಮನೆಯ ಬಾಗಿಲಿಗೆ ಬರುತ್ತೀಯೆ, ಆಗ ಬಾಗಿಲು ತೆರೆಯುವುದೋ ಮುಚ್ಚುವುದೋ ಎಂಬ ಪ್ರಶ್ನೆ ಏಳುತ್ತದೆ. ಮನುಷ್ಯರು ಮಾಡಿದ ಕಟ್ಟಳೆಯನ್ನು ವಿಧಿಯೆಂದು ಕರೆದರೆ ಯಾರ ಮೇಲೂ ತಪ್ಪು ಬೀಳುವುದಿಲ್ಲ. ‘ಸಮುದ್ರದ ಸುಂಕ’ ಎಂಬ ಹೆಸರಿನಲ್ಲಿಯೇ ಆ ಜಾಣತನವಿದೆ. ಸುಂಕ ವಸೂಲು ಮಾಡಿದವರು ಮನುಷ್ಯರು. ರಸೀದಿಯ ಮೇಲೆ ಸಮುದ್ರದ ಹೆಸರು.

ಹಾಗಾದರೆ ಈ ಚಿತ್ರಗಳನ್ನು ಮೂಲೆಗೆ ಎಸೆಯಬೇಕೆ? ಖಂಡಿತ ಬೇಡ. ಮೂಕಿ ಚಿತ್ರಕ್ಕೆ ಒಂದು ಗುಣವಿತ್ತು. ಅಲ್ಲಿ ಯಾರಿಗೂ ಮಾತಿಲ್ಲ. ಲಂಡನ್ನಿನ ಹುಡುಗಿಯೂ ಮೂಕಿ, ಚೀನದ ತರುಣನೂ ಮೂಕ. ಒಬ್ಬರ ಭಾಷೆ ಮೇಲು, ಇನ್ನೊಬ್ಬರ ಉಚ್ಚಾರಣೆ ನಗೆಪಾಟಲು ಎಂಬ ಭೇದಕ್ಕೆ ಎಡೆಯಿಲ್ಲ. ತೆರೆಯ ತುಂಬ ಒಂದು ಮುಖ, ಅದಕ್ಕೆದುರಾಗಿ ಇನ್ನೊಂದು ಮುಖ. ಎರಡಕ್ಕೂ ಒಂದೇ ಬೆಳಕು. ಕಥೆ ಬೇಡವೆಂದುದನ್ನು ಎಷ್ಟೋ ಸಲ ಕ್ಯಾಮರಾ ಬೇಕೆಂದಿತು. ಆ ಸಮಾನತೆ ಕಾಯಿದೆಯಲ್ಲಿ ಬರುವುದಕ್ಕೆ ಎಷ್ಟೋ ಮೊದಲು ಬೆಳ್ಳಿತೆರೆಯ ಮೇಲೆ ಕ್ಷಣಕಾಲವಾದರೂ ಬಂದಿತ್ತು.

ಆ ಕಾಲದ ಕೊನೆಗೆ ಬಂದ 1929ರ ‘ಪಿಕಡಿಲಿ’ಯಲ್ಲಿ ಈ ಮಾತಿಗೆ ಸಾಕ್ಷಿ ದೊರೆಯುತ್ತದೆ. ಹಾಲಿವುಡ್ಡಿನಿಂದ ಬೇಸತ್ತು ಯೂರೋಪಿಗೆ ಹೋದ ಆ್ಯನಾ ಮೇ ವಾಂಗ್ ಲಂಡನ್ನಿನಲ್ಲಿ ಇ. ಎ. ಡ್ಯೂಪಾಂಟ್‌ನ ಈ ಚಿತ್ರದಲ್ಲಿ ನಟಿಸಿದಳು. ಶೋಶೋ ಎಂಬ ಪಾತ್ರೆ ತೊಳೆಯುವ ಹುಡುಗಿ ನೃತ್ಯತಾರೆಯಾಗಿ ಬೆಳೆದು, ಕ್ಲಬ್ಬಿನ ಬಿಳಿಯ ಯಜಮಾನನ ಮನಸ್ಸನ್ನು ಗೆಲ್ಲುತ್ತಾಳೆ. ಅವರಿಬ್ಬರ ಮುಖಗಳು ಹತ್ತಿರವಾಗುವ ಹೊತ್ತಿಗೆ ದೃಶ್ಯ ಕರಗಿಹೋಗುತ್ತದೆ. ತೆರೆಯ ಮೇಲೆ ಚುಂಬನವಿಲ್ಲ. ಕೊನೆಗೆ ಇಲ್ಲಿಯೂ ಅವಳು ಕೊಲೆಯಾಗುತ್ತಾಳೆ. ಆದರೆ ನಡುವೆ ಒಂದು ಸಣ್ಣ ದೃಶ್ಯ ಬರುತ್ತದೆ. ಲೈಮ್‌ಹೌಸ್‌ನ ಹೆಂಡದಂಗಡಿಯಲ್ಲಿ ಒಬ್ಬ ಕರಿಯನೊಡನೆ ಬಿಳಿಯ ಹೆಂಗಸೊಬ್ಬಳು ಕುಣಿಯುತ್ತಾಳೆ. ಅಂಗಡಿಯವನು ನಿಲ್ಲಿಸಿ ಗದರಿಸುತ್ತಾನೆ, ಜನ ಸುತ್ತ ನಿಂತು ನೋಡುತ್ತಾರೆ, ಅವಳು ಹೊರಗೆ ಹೋಗಬೇಕಾಗುತ್ತದೆ. ಶೋಶೋ ಮತ್ತು ಯಜಮಾನ ಮೂಲೆಯಲ್ಲಿ ನಿಂತು ಇದನ್ನೆಲ್ಲ ನೋಡಿ, ಮಾತಾಡದೆ ಎದ್ದುಹೋಗುತ್ತಾರೆ. ನಾನು ನೋಡಿದ ಈ ಬಗೆಯ ಚಿತ್ರಗಳಲ್ಲಿ ವಿಧಿಯ ಮುಸುಕನ್ನು ತೆಗೆದು, ತಡೆಯುವವರ ಮುಖವನ್ನು ತೋರಿಸಿದ ದೃಶ್ಯ ಇದೊಂದೇ. ಸುತ್ತ ನಿಂತು ನೋಡುವ ಆ ಜನ ಪ್ರೇಕ್ಷಕರಾದ ನಾವೇ ಅಲ್ಲವೆ?

ಆಮೇಲೆ ಟಾಕಿ ಬಂತು. ಮಾತಿನೊಡನೆ ಬರಹದ ಕಟ್ಟಳೆಯೂ ಬಂತು. ಹಾಲಿವುಡ್ಡು 1930ರಲ್ಲಿ ಅಂಗೀಕರಿಸಿ 1934ರಿಂದ ಬಿಗಿಯಾಗಿ ಜಾರಿಗೆ ತಂದ ನಿಯಮಾವಳಿಯಲ್ಲಿ ಬಿಳಿಯರ ಮತ್ತು ಕರಿಯರ ಪ್ರಣಯಸಂಬಂಧವನ್ನು ನೇರವಾಗಿಯೇ ನಿಷೇಧಿಸಿದರು. ಏಷ್ಯದವರ ಮೇಲೂ ಅದರ ನೆರಳು ಬಿತ್ತು. ಆ ನಿಷೇಧ 1956ರವರೆಗೆ ಉಳಿಯಿತು. 1937ರಲ್ಲಿ ‘ದಿ ಗುಡ್ ಅರ್ತ್’ ಚಿತ್ರವಾದಾಗ ಚೀನೀ ರೈತನ ಪಾತ್ರ ಬಿಳಿಯ ನಟ ಪಾಲ್ ಮ್ಯೂನಿಗೆ ಹೋಯಿತು. ಅವನ ಹೆಂಡತಿಯ ಪಾತ್ರ ಆ್ಯನಾ ಮೇ ವಾಂಗ್‌ಗೆ ಸಿಗದೆ ಲೂಯಿಸ್ ರೈನರ್‌ಗೆ ದೊರೆತು, ಅದಕ್ಕೆ ಆಸ್ಕರ್ ಪಾರಿತೋಷಕವೂ ಬಂತು. 1961ರಲ್ಲಿ ತೀರಿಕೊಂಡ ವಾಂಗ್‌ಳ ಮುಖವನ್ನು 2022ರಲ್ಲಿ ಅಮೆರಿಕ ಸರ್ಕಾರ ಕಾಲು ಡಾಲರ್ ನಾಣ್ಯದ ಮೇಲೆ ಅಚ್ಚೊತ್ತಿತು. ಗೌರವವೇನೋ ಸರಿ. ಇದ್ದಾಗ ಕೊಡದ ಪಾತ್ರವನ್ನು ನಾಣ್ಯ ತುಂಬಿಕೊಡಲಾರದು.

ಮುಂದಿನ ವಾರ ತರಗತಿಯಲ್ಲಿ ಆ ಹುಡುಗಿಗೆ ಇಷ್ಟನ್ನೂ ಹೇಳಿದೆ. ಇಪ್ಪತ್ತು ವರ್ಷ ಕರುಣದ ಸೌಂದರ್ಯವನ್ನು ಪಾಠ ಹೇಳಿದವನು, ಆ ಸಾವು ಯಾರಿಗೆ ಅನುಕೂಲವಾಯಿತೆಂದು ಒಮ್ಮೆಯೂ ಕೇಳಿಕೊಂಡಿರಲಿಲ್ಲವೆಂದೂ ಒಪ್ಪಿಕೊಂಡೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು, “ಹಾಗಾದರೆ ಅವತ್ತು ನಾವು ಅತ್ತಿದ್ದು ತಪ್ಪಾ ಸರ್?” ಎಂದಳು.

ತಪ್ಪಲ್ಲವೆಂದೆ. ಕಣ್ಣೀರು ಸುಳ್ಳಾಗಿರಲಿಲ್ಲ, ಗಿಶ್‌ಳ ಬೆರಳುಗಳೂ ವಾಂಗ್‌ಳ ಕಣ್ಣುಗಳೂ ಸುಳ್ಳಲ್ಲ. ಅತ್ತು ಹಗುರಾಗಿ ಎದ್ದುಹೋಗಿ, ಯಾರು ಕೊಂದರೆಂದು ಕೇಳದೆ ಬಿಡುವುದು ತಪ್ಪು. ಅವಳು ಕೇಳಿದಳು, ಅದಕ್ಕೇ ಈ ಲೇಖನ.

ಈ ವರ್ಷ ಕರುಣರಸದ ಪಾಠಕ್ಕೆ ‘ಬ್ರೋಕನ್ ಬ್ಲಾಸಮ್ಸ್’ ಒಂದನ್ನೇ ತೋರಿಸುವುದಿಲ್ಲ. ಅದೇ ವರ್ಷದ ‘ದಿ ಡ್ರ್ಯಾಗನ್ ಪೇಂಟರ್’ ಚಿತ್ರವನ್ನೂ ಜೊತೆಗಿಟ್ಟು ತೋರಿಸಬೇಕೆಂದಿದ್ದೇನೆ. ಒಂದರಲ್ಲಿ ಸತ್ತಳೆಂದುಕೊಂಡವಳು ಬರುತ್ತಾಳೆ, ಇನ್ನೊಂದರಲ್ಲಿ ಯಾರೂ ಬರುವುದಿಲ್ಲ. ಏಕೆ ಎಂಬ ಪ್ರಶ್ನೆಯನ್ನು ಈ ಬಾರಿ ನಾನೇ ಮೊದಲು ಕೇಳುತ್ತೇನೆ.